ಬ್ಯಾಟರಿ ಗೇಲಿ: ನಿಗಡಿಯ ಕಾಕಾರ ಕಾರಿನ ಪ್ರಕರಣ

ಮರಾಠಿಯಲ್ಲಿ "ಗೇಲಿ" ಅಂದರೆ ಹೋಯಿತು, ಮುಗಿಯಿತು. ನಮ್ಮಲ್ಲಿ ಗೇಲಿ ಅಂದರೆ ಏನು ಅಂತ ಹೇಳಬೇಕಾಗಿಲ್ಲ. 2025ರ ದೀಪಾವಳಿ ಮುಗಿದ ಮೇಲೆ ಪುಣೆಯ ನಿಗಡಿಯಲ್ಲಿ, ನಮ್ಮ ಸೊಸೈಟಿಯ ಪಾರ್ಕಿಂಗ್‌ನಲ್ಲಿ ಮೆಕ್ಯಾನಿಕ್ ಹುಡುಗನೊಬ್ಬ ಬಾನೆಟ್ ಎತ್ತಿ ಎರಡೇ ಸೆಕೆಂಡ್ ನೋಡಿ "ಕಾಕಾ, ಬ್ಯಾಟರಿ ಗೇಲಿ" ಅಂದ. ಎರಡೂ ಅರ್ಥದಲ್ಲಿ ಅವನ ಮಾತು ಸರಿ ಇತ್ತು ಅಂತ ನನಗೆ ಗೊತ್ತಾಗಲು ಒಂದು ವಾರ ಬೇಕಾಯಿತು.

ಈ ಕಾಕಾ ನನಗೆ ನೆಂಟರಲ್ಲ. ಕೆಳಗಿನ ಮಹಡಿಯವರು. ವಿಜಯಪುರದ ಕಡೆಯವರು, ಎಂಬತ್ತರ ದಶಕದಲ್ಲಿ ಪಿಂಪ್ರಿಯ ಕಾರ್ಖಾನೆಯೊಂದಕ್ಕೆ ಕೆಲಸಕ್ಕೆ ಬಂದು ಇಲ್ಲೇ ರಿಟೈರ್ ಆದವರು. ನಾನು ಧಾರವಾಡದವನು, ಚಾಕಣದಲ್ಲಿ ಕೆಲಸ. ಮನೆಯಲ್ಲಿ ವೋಲ್ಟೇಜ್, ಕರೆಂಟ್ ಅಳೆಯುವ ಒಂದು ಮಲ್ಟಿಮೀಟರ್ ಇಟ್ಟುಕೊಂಡಿದ್ದೇನೆ, ಈ ವಿಷಯ ಸೊಸೈಟಿಯಲ್ಲಿ ಎಲ್ಲರಿಗೂ ಗೊತ್ತಾಗಿಬಿಟ್ಟಿದೆ, ಅದೇ ನನ್ನ ಕಷ್ಟ.

ಗಾಡಿ 2018ರ ಪೆಟ್ರೋಲ್ ಹ್ಯಾಚ್‌ಬ್ಯಾಕ್. ಏಳು ವರ್ಷದಲ್ಲಿ ಓಡಿದ್ದು 31 ಸಾವಿರ ಕಿಲೋಮೀಟರ್, ಅಷ್ಟೇ. ತರಕಾರಿ ಮಾರ್ಕೆಟ್, ಬ್ಯಾಂಕು, ಯಾವಾಗಲಾದರೂ ಒಮ್ಮೆ ಆಳಂದಿ. ಬ್ಯಾಟರಿ 2021ರಲ್ಲಿ ಬದಲಾಯಿಸಿದ್ದು. ದೀಪಾವಳಿಗೆ ಕಾಕಾ, ಕಾಕು ಇಬ್ಬರೂ ರೈಲಿನಲ್ಲಿ ಊರಿಗೆ ಹೋಗಿದ್ದರು. ಹನ್ನೆರಡು ದಿನ ಗಾಡಿ ನಿಂತಲ್ಲೇ ನಿಂತಿತ್ತು. ವಾಪಸ್ ಬಂದ ಮರುದಿನ ಬೆಳಿಗ್ಗೆ ನನಗೆ ಫೋನು.

"ತಮ್ಮಾ, ಗಾಡಿ ಚಾಲೂ ಆಗವಲ್ದು ನೋಡು. ಬರೇ ಕಟ ಕಟ ಕಟ ಅಂತದ."

ಈ ಕಟ ಕಟ ಬಹಳ ಮುಖ್ಯ. ಕೀಲಿ ತಿರುವಿದಾಗ ಬೇಗ ಬೇಗ ಕಟಕಟಕಟ ಅಂದರೆ ಸೆಲ್ಫ್ ಮೋಟಾರಿನ ರಿಲೇ ಎಳೆಯಲು ನೋಡುತ್ತಿದೆ, ಎಳೆದ ಕೂಡಲೇ ವೋಲ್ಟೇಜ್ ಕುಸಿದು ಬಿಟ್ಟುಬಿಡುತ್ತಿದೆ, ಮತ್ತೆ ಎಳೆಯುತ್ತಿದೆ ಅಂತ. ಅಂದರೆ ಕರೆಂಟ್ ಸಾಲುತ್ತಿಲ್ಲ. ಒಂದೇ ಸಲ ಜೋರಾಗಿ "ಟಕ್" ಅಂದು ಸುಮ್ಮನಾದರೆ, ಡ್ಯಾಶ್‌ಬೋರ್ಡಿನ ದೀಪ ಮಾತ್ರ ಚೆನ್ನಾಗಿ ಉರಿಯುತ್ತಿದ್ದರೆ, ಸೆಲ್ಫ್ ಮೋಟಾರಿನ ಮೇಲೆ ಅನುಮಾನ ಪಡಬೇಕು. ಏನೂ ಸದ್ದೇ ಇಲ್ಲ, ದೀಪವೂ ಇಲ್ಲ ಅಂದರೆ ಬ್ಯಾಟರಿಗೆ ವೈರ್ ಕಟ್ಟುವ ಟರ್ಮಿನಲ್ ಸಡಿಲವಾಗಿರಬಹುದು, ಮೊದಲು ಕೈಯಿಂದ ಅಲ್ಲಾಡಿಸಿ ನೋಡುವುದು ಒಳ್ಳೆಯದು. ಕಾಕಾರದು ಮೊದಲನೇ ಜಾತಿ. ದೀಪಗಳು ಮಂಕಾಗಿ ಮಿಣುಕುತ್ತಿದ್ದವು.

ನಾನು ಕೆಳಗಿಳಿಯುವಷ್ಟರಲ್ಲಿ ಮೆಕ್ಯಾನಿಕ್ ಹುಡುಗ ಬಂದಾಗಿತ್ತು. ಅವನ ಸ್ಕೂಟರ್ ಮೇಲೆ ಹೊಸ ಬ್ಯಾಟರಿಯೂ ಬಂದಿತ್ತು. 5,200 ರೂಪಾಯಿ, ಹಳೆಯದು ಅವನಿಗೆ, ಹತ್ತು ನಿಮಿಷದ ಕೆಲಸ. ಕಾಕಾ ಪಾಕೀಟಿಗೆ ಕೈ ಹಾಕಿದ್ದರು. ಹುಡುಗ ಕೆಟ್ಟವನಲ್ಲ, ಆದರೆ ಅವನು ಮೀಟರ್ ಹಚ್ಚಿರಲಿಲ್ಲ. ಬ್ಯಾಟರಿ ಯಾಕೆ ಹೋಯಿತು ಅಂತ ಕೇಳಿದ್ದಕ್ಕೆ "ವಯಸ್ಸಾಯ್ತಲ್ಲ" ಅಂದ. ವಯಸ್ಸಾಗಿದ್ದು ನಿಜ. ನಮ್ಮ ಕಡೆ ಕಾರಿನ ಬ್ಯಾಟರಿ ಸಾಮಾನ್ಯವಾಗಿ ಮೂರರಿಂದ ಐದು ವರ್ಷ ಬಾಳುತ್ತದೆ, ಬೇಸಿಗೆಯ ಬಿಸಿ ಅದರ ಆಯುಷ್ಯ ತಿನ್ನುತ್ತದೆ. ಆದರೂ ನನಗೆ ಸಮಾಧಾನ ಆಗಲಿಲ್ಲ. ಊರಿಗೆ ಹೋಗುವ ಹಿಂದಿನ ದಿನ ಇದೇ ಗಾಡಿ ಒಂದೇ ಸೆಲ್ಫಿಗೆ ಸ್ಟಾರ್ಟ್ ಆಗಿತ್ತಂತೆ. "ಇವತ್ತೊಂದು ದಿನ ಬಿಡಿ ಕಾಕಾ" ಅಂದೆ. ಹುಡುಗ ನನ್ನ ಕಡೆ ಒಂದು ನೋಟ ನೋಡಿ ಹೋದ. ಆ ನೋಟ ಇನ್ನೂ ನೆನಪಿದೆ.

ಮೀಟರ್ ಹಚ್ಚಿದೆ. 11.3 ವೋಲ್ಟ್.

ಇಲ್ಲಿ ಸ್ವಲ್ಪ ಲೆಕ್ಕ ಬೇಕು, ಬೇಜಾರಾಗಬೇಡಿ. ಹನ್ನೆರಡು ವೋಲ್ಟ್ ಅಂತ ಕರೆಯುವ ಈ ಡಬ್ಬಿಯೊಳಗೆ ಆರು ಸೆಲ್ ಇರುತ್ತವೆ, ಒಂದೊಂದೂ ಸುಮಾರು 2.1 ವೋಲ್ಟ್. ಪೂರ್ತಿ ತುಂಬಿ, ಕೆಲವು ಗಂಟೆ ಸುಮ್ಮನೆ ಬಿಟ್ಟ ಬ್ಯಾಟರಿ 12.6 ಅಥವಾ 12.7 ತೋರಿಸಬೇಕು. 12.2 ಅಂದರೆ ಅರ್ಧ ಖಾಲಿ. 11.8ರ ಕೆಳಗೆ ಹೋದರೆ ಖಾಲಿ ಅಂತಲೇ ಲೆಕ್ಕ. ಇನ್ನೊಂದು ವಿಚಿತ್ರ ಅಂಕಿ ಇದೆ: ಎಷ್ಟು ಚಾರ್ಜ್ ಮಾಡಿದರೂ 10.5ರ ಆಸುಪಾಸಿನಲ್ಲೇ ನಿಂತುಬಿಟ್ಟರೆ ಒಂದು ಸೆಲ್ ಪೂರ್ತಿ ಸತ್ತಿದೆ ಅಂತ, ಅಲ್ಲಿಗೆ ಮಾತು ಮುಗಿಯಿತು. ನಮ್ಮದು 11.3. ಅಂದರೆ ಖಾಲಿಯಾಗಿದೆ. ಸತ್ತಿದೆಯೋ ಇಲ್ಲವೋ ಇದರಿಂದ ಹೇಳಲು ಬರುವುದಿಲ್ಲ. ಖಾಲಿ ಬಿಂದಿಗೆಗೂ ಒಡೆದ ಬಿಂದಿಗೆಗೂ ವ್ಯತ್ಯಾಸ ಇದೆ ಅಲ್ವಾ? ನೀರು ತುಂಬಿ ನೋಡಿದರೇ ಗೊತ್ತಾಗುವುದು.

ಮೀಟರ್ ಹಚ್ಚುವಾಗ ಕಣ್ಣಿಗೆ ಬಿದ್ದ ಎರಡು ಸಂಗತಿ ಹೇಳಿಬಿಡುತ್ತೇನೆ. ಪ್ಲಸ್ ಟರ್ಮಿನಲ್ ಸುತ್ತ ಬಿಳಿ ಹಸಿರು ಪುಡಿ, ಗೋಡೆಯ ಲೋಣದ ಹಾಗೆ ಉಬ್ಬಿಕೊಂಡಿತ್ತು. ಮತ್ತೆ ಆ ಪ್ಲಸ್ ವೈರು ಬಿಗಿಯಾಗಿ ಎಳೆದುಕೊಂಡಿತ್ತು, ತಂಬೂರಿಯ ತಂತಿಯ ಹಾಗೆ. ಬೆರಳಿಂದ ಮೀಟಿದರೆ ಅಲ್ಲಾಡದು. ಅದರ ಮೇಲಿನ ಕೆಂಪು ಪ್ಲಾಸ್ಟಿಕ್ ಮುಚ್ಚಳ ಮುಚ್ಚಲು ಬಾರದೆ ಬಾಯಿ ತೆರೆದುಕೊಂಡೇ ಇತ್ತು. ಆಗ ವಿಚಿತ್ರ ಅನ್ನಿಸಿತು, ಸುಮ್ಮನಾದೆ.

ನನ್ನ ಗಾಡಿ ಪಕ್ಕಕ್ಕೆ ತಂದು, ಅದರ ಬ್ಯಾಟರಿಯಿಂದ ಕರೆಂಟ್ ಕೊಟ್ಟು ಜಂಪ್ ಸ್ಟಾರ್ಟ್ ಮಾಡಿದೆವು. ಕೆಂಪು ಕೇಬಲ್ ಮೊದಲು ಖಾಲಿ ಬ್ಯಾಟರಿಯ ಪ್ಲಸ್‌ಗೆ, ಆಮೇಲೆ ನನ್ನ ಬ್ಯಾಟರಿಯ ಪ್ಲಸ್‌ಗೆ. ಕಪ್ಪು ಮೊದಲು ನನ್ನ ಮೈನಸ್‌ಗೆ, ಕೊನೆಯ ತುದಿ ಕಾಕಾರ ಎಂಜಿನ್ನಿನ ಬಣ್ಣ ಇಲ್ಲದ ಕಬ್ಬಿಣದ ಜಾಗಕ್ಕೆ. ಆ ಕೊನೆಯ ತುದಿ ಹಚ್ಚುವಾಗ ಕಿಡಿ ಹಾರಬಹುದು, ಬ್ಯಾಟರಿಯಿಂದ ಹೈಡ್ರೋಜನ್ ಬರುತ್ತಿರಬಹುದು, ಎರಡೂ ಒಂದೇ ಕಡೆ ಸೇರುವುದು ಬೇಡ ಅಂತ ಈ ಕ್ರಮ. ಎಂಜಿನ್ ಚಾಲೂ ಆಯಿತು. ಮೀಟರ್ 14.2 ತೋರಿಸಿತು. ಎಸಿ, ಹೆಡ್‌ಲೈಟ್ ಎಲ್ಲಾ ಹಾಕಿದರೂ 13.9. ಅಲ್ಲಿಗೆ, ಎಂಜಿನ್ ಓಡುವಾಗ ಬ್ಯಾಟರಿಗೆ ಕರೆಂಟ್ ತುಂಬುವ ಆಲ್ಟರ್ನೇಟರ್ ತಪ್ಪಿತಸ್ಥ ಅಲ್ಲ ಅಂತಾಯಿತು.

ಅಷ್ಟರಲ್ಲಿ ವಾಚ್‌ಮನ್ ಬಂದು ಒಂದು ಪುಕ್ಕಟೆ ಸಲಹೆ ಕೊಟ್ಟ: ಎಂಜಿನ್ ಓಡುತ್ತಿರುವಾಗಲೇ ಮೈನಸ್ ವೈರ್ ಕಿತ್ತುಬಿಡಿ, ಎಂಜಿನ್ ನಿಂತರೆ ಆಲ್ಟರ್ನೇಟರ್ ಹಾಳು, ನಿಲ್ಲದಿದ್ದರೆ ಸರಿ. ಹಳೇ ಅಂಬಾಸಿಡರ್ ಕಾಲದಲ್ಲಿ ಎಲ್ಲರೂ ಹೀಗೇ ಮಾಡುತ್ತಿದ್ದರು. ಈಗಿನ ಗಾಡಿಯಲ್ಲಿ ದಯವಿಟ್ಟು ಮಾಡಬೇಡಿ. ಬ್ಯಾಟರಿ ಕಿತ್ತ ಕ್ಷಣ ವೋಲ್ಟೇಜ್ ಒಮ್ಮೆಲೇ ಜಿಗಿಯುತ್ತದೆ, ಎಂಜಿನ್ನಿನ ಕಂಪ್ಯೂಟರ್ ಸುಟ್ಟರೆ ಆ ಖರ್ಚಿನ ಮುಂದೆ ಬ್ಯಾಟರಿಯ ಖರ್ಚು ಏನೂ ಅಲ್ಲ.

"ಹಂಗಾದ್ರ ಆಳಂದಿಗೆ ಒಂದ್ ರೌಂಡ್ ಹೋಗಿ ಬರ್ತೀನಿ, ತಾನಾ ಚಾರ್ಜ್ ಆಗ್ತದ" ಅಂದರು ಕಾಕಾ. ಆಗುವುದಿಲ್ಲ. ಅಷ್ಟು ಖಾಲಿಯಾದ ಬ್ಯಾಟರಿ ಪೂರ್ತಿ ತುಂಬಲು ಗಂಟೆಗಟ್ಟಲೆ ಬೇಕು. ಸೆಲ್ಫ್ ಹೊಡೆಯುವಷ್ಟು ಜೀವ ಬರಬಹುದು, ಅದು ತುಂಬಿದ ಹಾಗಲ್ಲ. ಗಾಡಿಯನ್ನು ಹತ್ತಿರದ ಒಂದು ಬ್ಯಾಟರಿ ಅಂಗಡಿಗೆ ಒಯ್ದು, ಬ್ಯಾಟರಿ ಬಿಚ್ಚಿಸಿ ರಾತ್ರಿಯಿಡೀ ಚಾರ್ಜಿಗೆ ಇಟ್ಟೆವು. 150 ರೂಪಾಯಿ. ಕಾಕಾ ರಿಕ್ಷಾದಲ್ಲಿ ಮನೆಗೆ ಬಂದರು, ದಾರಿಯುದ್ದಕ್ಕೂ ಸುಮ್ಮನೆ ಕೂತಿದ್ದರು, ಆ ಮೌನದಲ್ಲಿ "5,200 ಕೊಟ್ಟಿದ್ದರೆ ಇಷ್ಟೊತ್ತಿಗೆ ಮುಗಿದಿರ್ತಿತ್ತು" ಅನ್ನುವುದು ಸ್ಪಷ್ಟವಾಗಿ ಕೇಳುತ್ತಿತ್ತು.

ಮರುದಿನ ಮಧ್ಯಾಹ್ನ ಹೋದೆವು. ಬ್ಯಾಟರಿಯ ತಲೆಯ ಮೇಲೆ ಒಂದು ಸಣ್ಣ ಗಾಜಿನ ಕಣ್ಣು ಇರುತ್ತದೆ ನೋಡಿ, ಹಸಿರಿದ್ದರೆ ಚೆನ್ನಾಗಿದೆ ಅಂತ. ಅದು ಹಸಿರಾಗಿತ್ತು. ಮೀಟರ್ 12.5. ಕಾಕಾಗೆ ಖುಷಿಯೋ ಖುಷಿ.

"ಹಸರ ಆಗೇದಲ್ಲೋ! ಇನ್ನೇನ್ ಆಗ್ಬೇಕು?"

ನನಗೂ ಒಂದು ನಿಮಿಷ ಗೆದ್ದೆ ಅನ್ನಿಸಿತು, ಸುಳ್ಳು ಹೇಳುವುದಿಲ್ಲ. ಅಂಗಡಿಯವ ಲೋಡ್ ಟೆಸ್ಟರ್ ಹಚ್ಚಿದ. ಇದು ಬ್ಯಾಟರಿಯಿಂದ ನೂರಾರು ಆಂಪಿಯರ್ ಎಳೆದು, ಸೆಲ್ಫ್ ಹೊಡೆದಾಗ ಬೀಳುವ ಭಾರವನ್ನೇ ಹಾಕಿ ನೋಡುವ ಯಂತ್ರ. ಹದಿನೈದು ಸೆಕೆಂಡ್ ಆದರೂ 9.6ರ ಕೆಳಗೆ ಇಳಿಯಬಾರದು ಅನ್ನುವುದು ನಿಯಮ. ನಮ್ಮದು ನೋಡ ನೋಡುತ್ತಿದ್ದಂತೆ 8.3ಕ್ಕೆ ಬಂದು ಕೂತಿತು. ಎರಡನೇ ಸಲವೂ ಅದೇ. ಬ್ಯಾಟರಿ ಗೇಲಿ, ಈಗ ಸಾಕ್ಷಿ ಸಮೇತ.

ಹಸಿರು ಕಣ್ಣು ಸುಳ್ಳು ಹೇಳಿತಾ? ಇಲ್ಲ, ಅದಕ್ಕೆ ಗೊತ್ತಿದ್ದಷ್ಟು ಹೇಳಿತು. ಆ ಕಣ್ಣು ಆರು ಸೆಲ್‌ಗಳಲ್ಲಿ ಒಂದರಲ್ಲಿ ಮಾತ್ರ ಇಳಿಬಿಟ್ಟಿರುತ್ತದೆ. ಅದು ನೋಡುವುದು ಆ ಒಂದು ಸೆಲ್ಲಿನ ಆಸಿಡ್ ಎಷ್ಟು ಗಟ್ಟಿ ಇದೆ ಅಂತ, ಅಷ್ಟೇ. ಉಳಿದ ಐದರ ಸುದ್ದಿ ಅದಕ್ಕಿಲ್ಲ, ಒಳಗಿನ ಸೀಸದ ಪ್ಲೇಟುಗಳು ಸವೆದಿವೆಯಾ ಅನ್ನುವುದೂ ಅದಕ್ಕೆ ಕಾಣುವುದಿಲ್ಲ.

ಹಾಗಾದರೆ ಮೆಕ್ಯಾನಿಕ್ ಹುಡುಗ ಎರಡು ಸೆಕೆಂಡಿನಲ್ಲಿ ಹೇಳಿದ್ದೇ ಸರಿ, ನಾನು ಒಂದು ದಿನ, 150 ರೂಪಾಯಿ, ಒಂದು ರಿಕ್ಷಾ ಬಾಡಿಗೆ ಹಾಳು ಮಾಡಿದೆ. ಕಾಕಾ ಹೀಗೆ ಬಾಯಿ ಬಿಟ್ಟು ಹೇಳಲಿಲ್ಲ, ದೊಡ್ಡವರು.

ಆದರೆ ಹನ್ನೆರಡು ದಿನದ ಪ್ರಶ್ನೆ ಹಾಗೇ ಉಳಿದಿತ್ತು. ಮುದಿ ಬ್ಯಾಟರಿಯೇ ಇರಲಿ, ನಿಂತಲ್ಲಿ ಇಷ್ಟು ಖಾಲಿ ಆಗಬಾರದು. ಅಂಗಡಿಯವನ ಹತ್ತಿರ ಒಂದು ದಿನಕ್ಕೆ ಹಳೇ ಬ್ಯಾಟರಿಯನ್ನೇ ವಾಪಸ್ ಹಾಕಿಸಿಕೊಂಡು ಮನೆಗೆ ತಂದೆವು. ಸಂಜೆ ಮೈನಸ್ ವೈರ್ ಬಿಚ್ಚಿ, ಮೀಟರನ್ನು ಹತ್ತು ಆಂಪಿಯರ್ ಸಾಕೆಟ್ಟಿಗೆ ಹಾಕಿ, ವೈರಿಗೂ ಬ್ಯಾಟರಿಗೂ ನಡುವೆ ಕಟ್ಟಿದೆ. ಎಲ್ಲಾ ಬಾಗಿಲು ಹಾಕಿ, ಲಾಕ್ ಮಾಡಿ, ನಲವತ್ತು ನಿಮಿಷ ಚಹಾ ಕುಡಿಯುತ್ತಾ ಕೂತೆವು. ಕೂರಲೇಬೇಕು. ಗಾಡಿಯೊಳಗಿನ ಕಂಪ್ಯೂಟರುಗಳು ಕೀಲಿ ತೆಗೆದ ಕೂಡಲೇ ಮಲಗುವುದಿಲ್ಲ, ನಮ್ಮ ಮನೆಯ ಮಕ್ಕಳ ಹಾಗೆ. ಮೀಟರ್ ಹೀಗೆ ಕಟ್ಟಿದ್ದಾಗ ಅಪ್ಪಿತಪ್ಪಿಯೂ ಸೆಲ್ಫ್ ಹೊಡೆಯಬಾರದು, ಮೀಟರ್ ಸುಟ್ಟುಹೋಗುತ್ತದೆ.

ಮಲಗಿದ ಗಾಡಿ 20ರಿಂದ 50 ಮಿಲಿಆಂಪಿಯರ್ ಎಳೆದರೆ ಸರಿ. ಗಡಿಯಾರ, ಅಲಾರ್ಮ್, ಅವಕ್ಕೆಲ್ಲಾ ಬೇಕು. ನಮ್ಮ ಮೀಟರ್ 90 ಅಂತ ನಿಂತಿತ್ತು. ಒಂದೊಂದೇ ಫ್ಯೂಸ್ ಕಿತ್ತು ನೋಡುತ್ತಾ ಹೋದೆ. ಐದನೆಯದೋ ಆರನೆಯದೋ ಕಿತ್ತಾಗ 90 ಇದ್ದದ್ದು ಥಟ್ಟನೆ 20ಕ್ಕೆ ಬಂತು. ಆ ಫ್ಯೂಸಿನಿಂದ ಒಂದು ಸಣ್ಣ ಕಪ್ಪು ವೈರು ಮುಂದಿನ ಗಾಜಿನ ಪಕ್ಕದ ಕಂಬದ ಹಿಂದೆ ನುಗ್ಗಿ ಕನ್ನಡಿಯ ಹತ್ತಿರ ಹೋಗಿತ್ತು. ಡ್ಯಾಶ್‌ಕ್ಯಾಮ್, ಅಂದರೆ ರಸ್ತೆಯ ವಿಡಿಯೋ ತೆಗೆಯುವ ಕ್ಯಾಮೆರಾ. ಹೋದ ಬೇಸಿಗೆಯಲ್ಲಿ ಬೆಂಗಳೂರಿಂದ ಬಂದ ಮಗ ಪ್ರೀತಿಯಿಂದ ಹಾಕಿಸಿ ಹೋಗಿದ್ದು. ಹಾಕಿದವನು ಅದಕ್ಕೆ ಕೀಲಿ ತೆಗೆದಾಗ ಆಫ್ ಆಗುವ ಫ್ಯೂಸಿನಿಂದ ಕರೆಂಟ್ ಕೊಡುವ ಬದಲು ಸದಾ ಜೀವಂತ ಇರುವ ಫ್ಯೂಸಿನಿಂದ ಕೊಟ್ಟಿದ್ದ.

ಲೆಕ್ಕ ಹಾಕಿ ತೋರಿಸಿದೆ. 90 ಮಿಲಿಆಂಪಿಯರ್ ಅಂದರೆ ದಿನಕ್ಕೆ 2.16 ಆಂಪಿಯರ್ ಅವರ್, ಬ್ಯಾಟರಿಯ ತಾಕತ್ತು ಅಳೆಯುವುದೂ ಇದರಲ್ಲೇ. ಹನ್ನೆರಡು ದಿನಕ್ಕೆ ಹತ್ತಿರ ಹತ್ತಿರ 26. ಬ್ಯಾಟರಿಯ ಮೇಲೆ ಬರೆದ ತಾಕತ್ತೇ 35, ಅದೂ ಹೊಸದಿದ್ದಾಗಿನ ಮಾತು. ಡ್ಯಾಶ್‌ಕ್ಯಾಮ್ ಇಲ್ಲದಿದ್ದರೆ ಅಷ್ಟೇ ದಿನಕ್ಕೆ 6 ಕೂಡ ಹೋಗುತ್ತಿರಲಿಲ್ಲ. ಬ್ಯಾಟರಿ ಮೊದಲೇ ಸವೆದಿತ್ತು ನಿಜ, ಆದರೆ ಹೀಗೆ ಪದೇ ಪದೇ ಖಾಲಿಯಾಗಿ ಹಾಗೇ ನಿಂತಾಗ ಪ್ಲೇಟಿನ ಮೇಲೆ ಸಲ್ಫೇಟ್ ಹರಳುಗಟ್ಟುತ್ತದೆ, ಆಮೇಲೆ ಚಾರ್ಜ್ ಮಾಡಿದರೂ ಕರಗುವುದಿಲ್ಲ. ಹೊಸ ಬ್ಯಾಟರಿ ಹಾಕಿ ಈ ವೈರನ್ನು ಹಾಗೇ ಬಿಟ್ಟಿದ್ದರೆ ಸಂಕ್ರಾಂತಿಗೆ ಊರಿಗೆ ಹೋಗಿ ಬಂದಾಗ ಮತ್ತೆ ಕಟ ಕಟ ಕಟ.

"ಮಗಾ ಹಾಕಿಸಿದ್ದಲ್ಲ..." ಅಂತ ಕಾಕಾ ಸುಮ್ಮನಾದರು. ಕಾಕು ಮಾತ್ರ ಒಳಗಿನಿಂದಲೇ, "ಅಂವಾ ಹಾಕಿಸಿದ್ದ ಫ್ರಿಜ್ಜೂ ಹಿಂಗ ಆಗೇದ" ಅಂದರು.

ಇನ್ನು ಕೊಳ್ಳುವ ವಿಚಾರ. ಹಳೇ ಬ್ಯಾಟರಿಯ ಮೇಲೆ 38ಬಿ20ಆರ್ ಅಂತಿತ್ತು. ಇದು ಜಪಾನಿನ ಅಳತೆಯ ಪದ್ಧತಿ, ಇಲ್ಲಿನ ಅನೇಕ ಸಣ್ಣ ಕಾರುಗಳ ಬ್ಯಾಟರಿಗೆ ಇದೇ ಹೆಸರು. 38 ಅನ್ನುವುದು ಬಲದ ದರ್ಜೆ. ಬಿ ಅಂದರೆ ಡಬ್ಬಿಯ ಅಗಲ, ಎತ್ತರದ ವರ್ಗ. 20 ಅಂದರೆ ಉದ್ದ, ಸೆಂಟಿಮೀಟರಿನಲ್ಲಿ, ಹೆಚ್ಚೂ ಕಡಿಮೆ. ಕೊನೆಯ ಅಕ್ಷರ ಟರ್ಮಿನಲ್ ಯಾವ ಕಡೆ ಅನ್ನುವುದಕ್ಕೆ. ಪ್ಲಸ್ ಇರುವ ಗಿಡ್ಡ ಬದಿಯನ್ನು ನಿಮ್ಮ ಕಡೆ ಮಾಡಿ ಇಟ್ಟುಕೊಂಡು ನೋಡಿದಾಗ ಪ್ಲಸ್ ಎಡಕ್ಕಿದ್ದರೆ ಎಲ್, ಬಲಕ್ಕಿದ್ದರೆ ಆರ್. ಎಲ್ಲರೂ ಹೇಳುವುದು ಹಳೇದರ ಫೋಟೋ ಹೊಡೆದುಕೊಂಡು ಹೋಗಿ, ಅದೇ ನಂಬರ್ ತನ್ನಿ ಅಂತ. ನಾನೂ ಅದನ್ನೇ ಮಾಡಲು ಹೊರಟಿದ್ದೆ. ಏನೋ ಬುದ್ಧಿ ಬಂದು ಡ್ಯಾಶ್‌ಬೋರ್ಡಿನ ಗೂಡಿನಿಂದ ಗಾಡಿಯ ಪುಸ್ತಕ ತೆಗೆದೆ. ಅದರಲ್ಲಿ ಬರೆದದ್ದು 38ಬಿ20ಎಲ್.

ಆಗ ಆ ತಂಬೂರಿ ತಂತಿಯ ಗುಟ್ಟು ಬಯಲಾಯಿತು. 2021ರಲ್ಲಿ ಯಾರೋ ಎಲ್ ಬದಲು ಆರ್ ತಂದಿದ್ದಾರೆ. ನೇರವಾಗಿ ಇಟ್ಟರೆ ಪ್ಲಸ್ ಮೈನಸ್ ಅದಲು ಬದಲು. ಅದಕ್ಕೆ ಬ್ಯಾಟರಿಯನ್ನೇ ತಿರುಗಿಸಿ, ಹಿಂದುಮುಂದಾಗಿ ಕೂರಿಸಿದ್ದಾರೆ. ಪ್ಲಸ್ ಸರಿಯಾದ ಬದಿಗೇನೋ ಬಂತು, ಆದರೆ ಎರಡೂ ಟರ್ಮಿನಲ್ ಎದುರಿನ ಅಂಚಿಗೆ ಹೋದವು. ಮೈನಸ್ ವೈರು ಉದ್ದ ಇತ್ತು, ಬಚಾವಾಯಿತು. ಪ್ಲಸ್ ವೈರನ್ನು ಎಳೆದು ಎಳೆದು ಕಟ್ಟಿ, ಮುಚ್ಚಳ ಮುಚ್ಚದೆ ಬಿಟ್ಟಿದ್ದಾರೆ. ನಾಲ್ಕು ವರ್ಷ ಎಂಜಿನ್ನಿನ ನಡುಕಕ್ಕೆ ಆ ಹಿಡಿತ ಸಡಿಲವಾಗುತ್ತಾ ಬಂದಿದೆ, ಪುಣೆಯ ಮಳೆಗಾಲದ ತೇವ ಸೇರಿಕೊಂಡಿದೆ, ಪುಡಿ ಕಟ್ಟಿದೆ. ಹಳೇ ಬ್ಯಾಟರಿಯ ಫೋಟೋ ಹಿಡಿದು ಹೋಗಿದ್ದರೆ ಇನ್ನೂ ನಾಲ್ಕು ವರ್ಷ ಅದೇ ತಪ್ಪು.

ಶನಿವಾರ ಮೂರು ಅಂಗಡಿ ಸುತ್ತಿದೆವು. ಮೊದಲನೆಯವನು ನಂಬರ್ ಕೇಳುವ ಮೊದಲೇ "ಮೋಠೀ ಟಾಕಾ ಕಾಕಾ" ಅಂದ. ದೊಡ್ಡದು ಹಾಕಿಸಿ, 45 ಆಂಪಿಯರ್ ಅವರ್, ನಾನ್ನೂರು ರೂಪಾಯಿ ಜಾಸ್ತಿ ಅಷ್ಟೇ. ದೊಡ್ಡ ಬ್ಯಾಟರಿ ಹಾಕಿದರೆ ಆಲ್ಟರ್ನೇಟರ್ ಸುಡುತ್ತದೆ ಅಂತ ಕೆಲವರು ಹೆದರಿಸುತ್ತಾರೆ, ಹತ್ತು ಆಂಪಿಯರ್ ಅವರ್ ವ್ಯತ್ಯಾಸಕ್ಕೆ ಹಾಗೇನೂ ಆಗುವುದಿಲ್ಲ. ತೊಂದರೆ ಬೇರೆ. ಅವನು ತೋರಿಸಿದ್ದು ಬಿ24 ಡಬ್ಬಿ. ಕಾಕಾ ಜೇಬಿನಿಂದ ಕಾಕು ಅವರ ಹೊಲಿಗೆಯ ಟೇಪು ತೆಗೆದರು, ಬೆಳಿಗ್ಗೆ ನಾನೇ ತರಲು ಹೇಳಿದ್ದೆ. ಡಬ್ಬಿ ಅಳೆದರೆ ಹತ್ತಿರ ಹತ್ತಿರ 24 ಸೆಂಟಿಮೀಟರ್. ಗಾಡಿಯಲ್ಲಿ ಬ್ಯಾಟರಿ ಕೂರುವ ತಟ್ಟೆ 20. ಆ ನಾಲ್ಕು ಸೆಂಟಿಮೀಟರ್ ಗಾಳಿಯಲ್ಲಿ ನೇತಾಡಬೇಕು, ಹಿಡಿದಿಡುವ ಪಟ್ಟಿ ಬಿಗಿಯಾಗುವುದಿಲ್ಲ. ಸಡಿಲ ಬ್ಯಾಟರಿ ಹೊಂಡ ಬಿದ್ದ ರಸ್ತೆಯಲ್ಲಿ ಕುಣಿದರೆ ಒಳಗಿನ ಪ್ಲೇಟ್ ಉದುರುತ್ತದೆ. ಪುಣೆಯ ರಸ್ತೆಗಳ ಬಗ್ಗೆ ನಾನು ಬೇರೆ ಹೇಳಬೇಕಾ? "ಆಗ್ತದೆ, ಥರ್ಮಾಕೋಲ್ ತುರುಕಿ ಕೊಡ್ತೀನಿ" ಅಂದ. ಕೈ ಮುಗಿದು ಬಂದೆವು. ಜಾಸ್ತಿ ಬಲ ಬೇಕೇ ಬೇಕು ಅಂದರೆ ಅದೇ ಬಿ20ಎಲ್ ಡಬ್ಬಿಯಲ್ಲಿ 38ರ ಬದಲು 44ರ ದರ್ಜೆಯದೂ ಬರುತ್ತದೆ, ಅದನ್ನು ಕೇಳುವುದು ಸರಿಯಾದ ದಾರಿ.

ಎರಡನೇ ಅಂಗಡಿಯಲ್ಲಿ ಕೇಳರಿಯದ ಹೆಸರಿನ ಬ್ಯಾಟರಿ, 2,600ಕ್ಕೆ, ಒಂದು ವರ್ಷದ ಗ್ಯಾರಂಟಿ, ಬಿಲ್ಲು ಬೇಕಾದರೆ ಬೇರೆ ದರ. ಅಲ್ಲಿ ಜಾಸ್ತಿ ಹೊತ್ತು ನಿಲ್ಲಲಿಲ್ಲ.

ಮೂರನೆಯದರಲ್ಲಿ ಎಕ್ಸೈಡ್, ಅಮರಾನ್, ಎಸ್‌ಎಫ್, ಟಾಟಾ ಗ್ರೀನ್ ಎಲ್ಲಾ ಇದ್ದವು. ಯಾವ ಕಂಪನಿ ಒಳ್ಳೆಯದು ಅಂತ ಕಾಕಾ ಕೇಳಿದರು. ಚಿಂಚವಡದಲ್ಲೇ ಎಕ್ಸೈಡ್ ಕಾರ್ಖಾನೆ ಇದೆ, ಎಸ್‌ಎಫ್ ಕೂಡ ಅವರದ್ದೇ. ಅಮರಾನ್ ತಿರುಪತಿಯ ಕಡೆಯ ಅಮರ ರಾಜಾದವರದ್ದು. ಹೆಸರಿಗಿಂತ ನನಗೆ ಮುಖ್ಯ ಅನ್ನಿಸಿದ್ದು ತಯಾರಾದ ತಿಂಗಳು. ಬ್ಯಾಟರಿ ಅಂಗಡಿಯ ಕಪಾಟಿನಲ್ಲಿ ಕೂತಲ್ಲೇ ನಿಧಾನವಾಗಿ ಖಾಲಿಯಾಗುತ್ತದೆ, ಬಿಸಿಯಲ್ಲಿ ಇನ್ನೂ ಬೇಗ. ಕಾಕಾ ಮೊದಲು ಕೈಯಿಟ್ಟ ಬ್ಯಾಟರಿ ಫೆಬ್ರವರಿಯದು, ಅಂದರೆ ಒಂದಿಡೀ ಪುಣೆಯ ಬೇಸಿಗೆಯನ್ನು ಕಪಾಟಿನಲ್ಲೇ ಕಳೆದದ್ದು. ಅದರ ಮೇಲೆ ಧೂಳೂ ಇತ್ತು. ಮೀಟರ್ ಹಚ್ಚಿದೆ, 12.35. ಒಳಗಿನಿಂದ ಸೆಪ್ಟೆಂಬರಿನದು ತರಿಸಿದೆವು, 12.66. ಎರಡೂ ಒಂದೇ ಕಂಪನಿ, ಒಂದೇ ನಂಬರ್, ಒಂದೇ ಬೆಲೆ. ಅಂಗಡಿಯವನು ಬೇಸರ ಮಾಡಿಕೊಳ್ಳಲಿಲ್ಲ, "ಮೀಟರ್ ತಗೊಂಡು ಬರೋ ಗಿರಾಕಿ ವರ್ಷಕ್ಕೊಬ್ಬರು" ಅಂದ. ಹೊಗಳಿಕೆಯೋ ಬೈಗುಳವೋ ಗೊತ್ತಾಗಲಿಲ್ಲ.

ಗ್ಯಾರಂಟಿಯ ಬಗ್ಗೆ ಒಂದು ಮಾತು, ಇಲ್ಲಿ ಜನ ಮೋಸ ಹೋಗುತ್ತಾರೆ. ನಮ್ಮ ಬ್ಯಾಟರಿಯ ಮೇಲೆ ದಪ್ಪ ಅಕ್ಷರದಲ್ಲಿ 48 ತಿಂಗಳು ಅಂತಿತ್ತು. ಕೆಳಗೆ ಸಣ್ಣ ಅಕ್ಷರದಲ್ಲಿ 24 ಮತ್ತು 24. ಮೊದಲ 24 ತಿಂಗಳಲ್ಲಿ ಕೆಟ್ಟರೆ ಪುಕ್ಕಟೆ ಹೊಸದು. ಉಳಿದ 24ರಲ್ಲಿ ಕೆಟ್ಟರೆ ಹೊಸದರ ಬೆಲೆಯಲ್ಲಿ ಒಂದಿಷ್ಟು ರಿಯಾಯಿತಿ ಮಾತ್ರ, ದಿನ ಕಳೆದಂತೆ ಅದೂ ಇಳಿಯುತ್ತದೆ. ಇನ್ನೊಬ್ಬ 55 ತಿಂಗಳು ಅಂದಾಗ ಕೇಳಬೇಕಾದ್ದು ಪುಕ್ಕಟೆ ಎಷ್ಟು ತಿಂಗಳು ಅಂತ. ಸುಮ್ಮನೆ ಖಾಲಿಯಾಗಿರುವ ಬ್ಯಾಟರಿ ಗ್ಯಾರಂಟಿಗೆ ಬರುವುದಿಲ್ಲ, ಚಾರ್ಜ್ ಮಾಡಿ ವಾಪಸ್ ಕೊಡುತ್ತಾರೆ. ಡ್ಯಾಶ್‌ಕ್ಯಾಮ್ ವೈರು ಹಾಗೇ ಇದ್ದಿದ್ದರೆ ಆ ಕಾರ್ಡು ಹಿಡಿದು ಎಷ್ಟು ಸಲ ಹೋದರೂ ಕಾಕಾಗೆ ಸಿಗುತ್ತಿದ್ದದ್ದು ಅಷ್ಟೇ.

ಬೆಲೆ: ಹಳೇದು ಕೊಟ್ಟು 3,950. 2025ರ ಸೆಪ್ಟೆಂಬರ್ 22ರಿಂದ ಬ್ಯಾಟರಿ ಮೇಲಿನ ಜಿಎಸ್‌ಟಿ ಶೇಕಡಾ 28 ಇದ್ದದ್ದು 18 ಆಗಿದೆ, ಬಿಲ್ಲಿನಲ್ಲಿ 18 ಅಂತ ಇದೆಯಾ ನೋಡಿಕೊಂಡೆವು. ಹಳೇದನ್ನು ಮನೆಗೆ ತಂದು ಗುಜರಿಗೆ ಹಾಕಿದರೆ ಜಾಸ್ತಿ ಸಿಗುತ್ತದಾ ಅಂತ ಕಾಕಾಗೆ ಒಂದು ಆಸೆ. ಇಲ್ಲಿ ಗುಜರಿಯವನಿಗೆ ಭಂಗಾರವಾಲಾ ಅಂತಾರೆ, ಕಾಕಾಗೆ ಆ ಹೆಸರು ಕೇಳಿದರೆ ನಲವತ್ತು ವರ್ಷದಿಂದಲೂ ನಗು. ಸೀಸ ಬಂಗಾರ ಅಲ್ಲದಿದ್ದರೂ ಬೆಲೆ ಇರುವ ಲೋಹವೇ, ಹತ್ತು ಕಿಲೋ ಡಬ್ಬಿಯಲ್ಲಿ ಬಹುಪಾಲು ಅದೇ. ಆದರೆ ಬೀದಿ ಬದಿಯಲ್ಲಿ ಒಡೆದು ಆಸಿಡ್ಡನ್ನು ಚರಂಡಿಗೆ ಸುರಿಯುವವರ ಕೈಗೆ ಅದು ಹೋಗಬಾರದು, 2022ರ ಬ್ಯಾಟರಿ ತ್ಯಾಜ್ಯ ನಿಯಮ ಇರುವುದೂ ಅದಕ್ಕೇ. ಅಂಗಡಿಗೇ ಕೊಟ್ಟೆವು, ಬಿಲ್ಲಿನಲ್ಲಿ ಹಳೇ ಬ್ಯಾಟರಿ ಪಡೆದದ್ದು ಅಂತ ಬರೆಸಿಕೊಂಡೆವು.

ಹಾಕುವ ಕೆಲಸ ಅಂಗಡಿಯ ಹುಡುಗನದು. 10 ನಂಬರ್ ಪಾನಾ ಸಾಕು. ಬಿಚ್ಚುವಾಗ ಮೈನಸ್ ಮೊದಲು, ಹಾಕುವಾಗ ಪ್ಲಸ್ ಮೊದಲು. ಯಾಕೆಂದರೆ ಗಾಡಿಯ ಇಡೀ ಮೈ ಮೈನಸ್ಸೇ, ಮೈನಸ್ ಕಟ್ಟಿರುವಾಗ ಪಾನಾ ಪ್ಲಸ್ ಮೇಲಿದ್ದು ಇನ್ನೊಂದು ತುದಿ ಗಾಡಿಯ ಮೈಗೆ ತಾಗಿದರೆ ಪಟಾಕಿ. ವೈರಿನ ಹಿಡಿಗಳನ್ನು ಅಡುಗೆ ಸೋಡಾ ಕಲಸಿದ ಬಿಸಿ ನೀರಿನಿಂದ ತೊಳೆದು, ಒರೆಸಿ, ಮರಳು ಕಾಗದದಿಂದ ಉಜ್ಜಿಸಿದೆ. ಸೋಡಾ ನೀರು ಬಿದ್ದ ಕೂಡಲೇ ಆ ಪುಡಿ ಬುಸ್ಸೆಂದು ನೊರೆ ಕಾರುತ್ತದೆ, ನೋಡಲು ಮಜಾ. ಹುಡುಗ ಹಿಡಿಯನ್ನು ಪಾನಾದಿಂದ ಬಡಿದು ಕೂರಿಸಲು ಹೋದ, ತಡೆದೆ. ಆ ಪೆಟ್ಟು ನೇರ ಒಳಗಿನ ಪ್ಲೇಟಿನ ಬೆಸುಗೆಗೆ ಬೀಳುತ್ತದೆ. ನಟ್ಟು ಸಡಿಲಿಸಿ ಒತ್ತಿದರೆ ಕೂರುತ್ತದೆ, ಕೂತಿತು. ಕೊನೆಗೆ ಮೇಲಿಂದ ಒಂದು ಬೆರಳು ವ್ಯಾಸಲೀನ್. ಎಲ್ ಬ್ಯಾಟರಿ ಆದ್ದರಿಂದ ಪ್ಲಸ್ ವೈರು ಈಗ ಆರಾಮಾಗಿ ಬಾಗಿ ಬಂದು ಕೂತಿತು. ನಾಲ್ಕು ವರ್ಷದಿಂದ ಬಾಯಿ ತೆರೆದಿದ್ದ ಕೆಂಪು ಮುಚ್ಚಳ ಟಿಕ್ ಅಂತ ಮುಚ್ಚಿಕೊಂಡಿತು. ಕಾಕಾ ಅದನ್ನು ತೆಗೆದು ಮತ್ತೊಮ್ಮೆ ಮುಚ್ಚಿದರು.

ಗಾಡಿಯ ಗಡಿಯಾರ ಮತ್ತೆ ಹಚ್ಚಬೇಕಾಯಿತು, ರೇಡಿಯೋದ ಸ್ಟೇಷನ್ನುಗಳು ಹೋಗಿದ್ದವು. ಡ್ಯಾಶ್‌ಕ್ಯಾಮನ್ನು ಬೇರೆ ಫ್ಯೂಸಿಗೆ ಬದಲಾಯಿಸಿದ್ದು ಮರುದಿನ, ನಾನೇ. ಸರಿಯಾದ ಫ್ಯೂಸ್ ಹುಡುಕಲು ಒಂದು ಗಂಟೆ ಹಿಡಿಯಿತು. ಲಾಕ್ ಮಾಡಿ ಮತ್ತೆ ನಲವತ್ತು ನಿಮಿಷ, ಮತ್ತೆ ಚಹಾ, ಮೀಟರ್ 20.

ಒಂದು ಎಚ್ಚರಿಕೆ ಬೇರೆ ಗಾಡಿಯವರಿಗೆ. ಸಿಗ್ನಲ್ಲಿನಲ್ಲಿ ನಿಂತಾಗ ಎಂಜಿನ್ ತಾನೇ ಆಫ್ ಆಗಿ ತಾನೇ ಆನ್ ಆಗುವ ಗಾಡಿ ನಿಮ್ಮದಾಗಿದ್ದರೆ ಅದರ ಬ್ಯಾಟರಿ ಬೇರೆ ಜಾತಿಯದು, ಇಎಫ್‌ಬಿ ಅಥವಾ ಎಜಿಎಂ ಅಂತ ಬರೆದಿರುತ್ತದೆ. ಬೆಲೆ ಜಾಸ್ತಿ ಅಂತ ಅದರ ಜಾಗಕ್ಕೆ ಸಾದಾ ಬ್ಯಾಟರಿ ಹಾಕಿದರೆ ಬೇಗ ಸಾಯುತ್ತದೆ. ಕಾಕಾರದು ಸಾದಾ ಗಾಡಿ, ಆ ತಲೆನೋವು ಇರಲಿಲ್ಲ.

ನವೆಂಬರ್ ಮಧ್ಯದಲ್ಲಿ ಕಾಕಾ ಎಂಟು ದಿನ ಮೊಣಕಾಲು ನೋವು ಅಂತ ಮನೆಯಲ್ಲೇ ಇದ್ದರು. ಒಂಬತ್ತನೇ ದಿನ ನಾನು ಸುಮ್ಮನೆ ಹೋಗಿ ಮೀಟರ್ ಹಚ್ಚಿದೆ, 12.54. ಒಂದೇ ಸೆಲ್ಫಿಗೆ ಚಾಲೂ.

ಅದೇ ವಾರ ನನ್ನ ಜೀನ್ಸ್ ಪ್ಯಾಂಟು ಒಗೆದು ಬಂತು. ತೊಡೆಯ ಹತ್ತಿರ ನಾಲ್ಕೈದು ಸಣ್ಣ ತೂತು, ಸುತ್ತ ಹಳದಿ ಬಣ್ಣ, ಬೆರಳು ಹಾಕಿದರೆ ಬಟ್ಟೆ ಹಾಗೇ ಹರಿದು ಬರುತ್ತಿತ್ತು. ಅವತ್ತು ಹಳೇ ಬ್ಯಾಟರಿಯನ್ನು ತೊಡೆಗೆ ಆನಿಸಿಕೊಂಡು ಗಾಡಿಯಿಂದ ಅಂಗಡಿಯ ಮೆಟ್ಟಿಲವರೆಗೆ ಹೊತ್ತಿದ್ದೆ. ಆಸಿಡ್ ತಾಗಿದ್ದು ಆಗ ಕಂಡಿರಲಿಲ್ಲ, ಹತ್ತಿ ಬಟ್ಟೆಯಲ್ಲಿ ಅದು ಎರಡು ಸಲ ಒಗೆದ ಮೇಲೇ ಕಾಣುವುದು. ಟೇಪು ವಾಪಸ್ ಕೊಡಲು ಹೋದಾಗ ಕಾಕುಗೆ ಪ್ಯಾಂಟು ತೋರಿಸಿದೆ, ತೇಪೆ ಹಾಕಲು ಬರುತ್ತದಾ ಅಂತ.

ಕಾಕು ತೂತಿಗೆ ಬೆರಳು ಹಾಕಿ ನೋಡಿದರು. "ಬ್ಯಾಟರಿ ಗೇಲಿ," ಅಂದರು, "ಪ್ಯಾಂಟೂ ಗೇಲಿ."